ಅಂಗೈಗೆ ಇಳಿದ ರಣರಂಗ: ‘ಕಿಲ್‌ಝೋನ್’ ಸರಣಿ

ರಣರಂಗವನ್ನು ಆಟಗಾರನ ಕಣ್ಣಿನಿಂದಲೇ ತೋರಿಸಿ, ಪರದೆಯ ಅಂಚಿನಲ್ಲಿ ಅವನ ಕೈ ಮತ್ತು ಬಂದೂಕನ್ನಷ್ಟೇ ಕಾಣಿಸುವ ವಿಡಿಯೊ ಗೇಮ್‌ಗಳಿಗೆ ‘ಫಸ್ಟ್ ಪರ್ಸನ್ ಶೂಟರ್’ ಎಂಬ ಹೆಸರಿದೆ. ಇವುಗಳಲ್ಲಿ ಎಡ ಹೆಬ್ಬೆರಳು ನಡೆಯುವುದಕ್ಕೂ ಬಲ ಹೆಬ್ಬೆರಳು ಗುರಿ ಹಿಡಿಯುವುದಕ್ಕೂ ಮೀಸಲಾಗಿರುವುದರಿಂದ ಎರಡು ಅನಲಾಗ್ ಸ್ಟಿಕ್‌ಗಳು, ಅಂದರೆ ಒತ್ತಿದ ದಿಕ್ಕಿಗೆ ಒತ್ತಿದಷ್ಟೇ ವಾಲುವ ಪುಟ್ಟ ಹಿಡಿಗಳು, ಬಹುಮಟ್ಟಿಗೆ ಅನಿವಾರ್ಯ.

ನೆದರ್‌ಲ್ಯಾಂಡ್ಸ್‌ನ ಗೆರಿಲ್ಲಾ ಸಂಸ್ಥೆ 2004ರಲ್ಲಿ ಪ್ಲೇಸ್ಟೇಷನ್ 2ಕ್ಕಾಗಿ ಆರಂಭಿಸಿದ ‘ಕಿಲ್‌ಝೋನ್’ ಸರಣಿ, 2006ರಲ್ಲಿ ಕೈಯಲ್ಲಿ ಹಿಡಿದು ಆಡುವ ಪಿಎಸ್‌ಪಿಗೆ ಬಂದಾಗ ತೊಡಕಾದದ್ದು ಇದೇ. ಆ ಯಂತ್ರದಲ್ಲಿದ್ದುದು ಒಂದೇ ಸ್ಟಿಕ್, ಅದೂ ಅಂಗಿಯ ಗುಂಡಿಯಂತೆ ಚಪ್ಪಟೆಯಾಗಿ ಜಾರುವಂಥದ್ದು. ಆದ್ದರಿಂದ ‘ಕಿಲ್‌ಝೋನ್: ಲಿಬರೇಷನ್’ ಆಟದಲ್ಲಿ ಸರಣಿಯ ಗುರುತೇ ಆಗಿದ್ದ ನೋಟವನ್ನು ಕೈಬಿಟ್ಟು, ಸೈನಿಕನನ್ನು ಮೇಲಿನಿಂದ ಓರೆಯಾಗಿ ಕಾಣುವ ನೋಟವನ್ನು ಅಳವಡಿಸಲಾಯಿತು, ಸೋಲೊಪ್ಪಿದಂತೆ ತೋರಿದರೂ ಇದು ವಿವೇಕದ ನಿರ್ಧಾರವೇ.

ಎರಡು ಸ್ಟಿಕ್‌ಗಳ ಜೊತೆಗೆ 5 ಇಂಚಿನ ಸ್ಪರ್ಶಪರದೆಯೂ ಇದ್ದ ಪಿಎಸ್ ವೀಟಾ ಯಂತ್ರಕ್ಕೆ 2013ರಲ್ಲಿ ಗೆರಿಲ್ಲಾ ಕೇಂಬ್ರಿಜ್ ತಂಡ ‘ಕಿಲ್‌ಝೋನ್: ಮರ್ಸಿನರಿ’ಯನ್ನು ಸಿದ್ಧಪಡಿಸಿದಾಗ ಮೂಲ ನೋಟ ಮರಳಿತು. ಪ್ಲೇಸ್ಟೇಷನ್ 3ರಲ್ಲಿ ಬಂದಿದ್ದ ‘ಕಿಲ್‌ಝೋನ್ 3’ರ ಎಂಜಿನ್ನನ್ನು, ಎಂದರೆ ಚಿತ್ರ ಬಿಡಿಸುವ ಮತ್ತು ಚಲನೆಯ ಲೆಕ್ಕ ಹಾಕುವ ತಂತ್ರಾಂಶವನ್ನು, ಚಿಕ್ಕ ಯಂತ್ರಕ್ಕೆ ಹೊಂದಿಸಿದ್ದಲ್ಲದೆ, ಸಾಧನವನ್ನೇ ತುಸು ವಾಲಿಸಿ ಗುರಿಯನ್ನು ತಿದ್ದಿಕೊಳ್ಳುವ, ಎದುರಾಳಿ ಮೈಮೇಲೆ ಬಂದಾಗ ಪರದೆಯ ಮೇಲೆ ಬೆರಳೆಳೆದು ಇರಿಯುವ ಅನುಕೂಲವನ್ನೂ ಕಲ್ಪಿಸಲಾಯಿತು.

ಇಂಥ ಆಟಗಳ ಮನುಷ್ಯರು, ವಾಹನಗಳು, ಕಟ್ಟಡಗಳೆಲ್ಲ ತ್ರಿಕೋನಗಳ ಜಾಲದಿಂದ ಕಟ್ಟಿದ ಮಾದರಿಗಳಾಗಿದ್ದು, ಯಂತ್ರ ಚಿಕ್ಕದಾದಷ್ಟೂ ತ್ರಿಕೋನಗಳನ್ನು ಕಡಿಮೆ ಮಾಡಬೇಕಾಗುತ್ತದೆ; 1997ರಲ್ಲಿ ಬೆಂಗಳೂರಿನಲ್ಲಿ ಆರಂಭವಾದ ಧ್ರುವ ಇಂಟರಾಕ್ಟಿವ್ ಸಂಸ್ಥೆ ಹೊರದೇಶದ ಆಟಗಳಿಗೆ ಬಹುಪಾಲು ಮಾಡಿಕೊಟ್ಟದ್ದು ಈ ಬಗೆಯ ಮಾದರಿಗಳನ್ನೇ.