ಸುತ್ತುದಾರಿಯ ಲೆಕ್ಕ

ವಿಮಾನದ ಮೈಲಿ ಪ್ರಯಾಣಿಕರ ಕೈ ಸೇರುವ ಮುಂಚೆ ಟಿಕೆಟ್ ಬರೆಯುವ ನಮ್ಮಂಥವರ ಸ್ವತ್ತಾಗಿತ್ತು. ಬೆಂಗಳೂರಿನ ಕನಿಂಗ್‌ಹ್ಯಾಂ ರಸ್ತೆಯ ಟ್ರಾವೆಲ್ ಏಜೆನ್ಸಿಯೊಂದಕ್ಕೆ ನಾನು ಸೇರಿದ್ದು ಎಂಬತ್ತರ ದಶಕದ ಕೊನೆಯಲ್ಲಿ. ಆಗ ಟಿಕೆಟ್ ಎಂದರೆ ಹಾಳೆಗಳ ಬೆನ್ನಿಗೆ ಕೆಂಪು ಕಾರ್ಬನ್ ಬಳಿದ ಸಣ್ಣ ಪುಸ್ತಕ. ಕೊನೆಯ ಕೂಪನ್ನಿಗೂ ಅಕ್ಷರ ಮೂಡುವಂತೆ ಒತ್ತಿ ಬರೆಯಬೇಕು. ಸಂಜೆ ಬಸ್ಸಿನಲ್ಲಿ ಕೂತಾಗ ಬೆರಳೆಲ್ಲ ಕೆಂಪು. ಬರೆಯುವುದು ಹೇಗೋ ಆಗುತ್ತಿತ್ತು, ಕಷ್ಟದ್ದು ದರ ಕಟ್ಟುವುದು. ವಿಮಾನ ಕಂಪನಿಗಳ ಸಂಘವಾದ ಐಯಾಟಾದ ನಿಯಮದಂತೆ ಹೊರದೇಶದ ಟಿಕೆಟ್ಟಿನ ದರವನ್ನು ಮೈಲಿ ಲೆಕ್ಕದಲ್ಲಿ ಕಟ್ಟುತ್ತಿದ್ದೆವು.

ಎರಡು ಊರುಗಳ ನಡುವೆ ಎಷ್ಟು ಮೈಲಿಯವರೆಗೆ ಸುತ್ತಬಹುದು ಎಂಬ ಗರಿಷ್ಠ ಮಿತಿ ಪುಸ್ತಕದಲ್ಲಿ ಅಚ್ಚಾಗಿರುತ್ತಿತ್ತು. ನಾವು ಅದನ್ನು ಎಂಪಿಎಂ ಅನ್ನುತ್ತಿದ್ದೆವು. ನೇರ ದೂರಕ್ಕಿಂತ ಸಾಮಾನ್ಯವಾಗಿ ಶೇ. 20ರಷ್ಟು ಜಾಸ್ತಿ. ಪ್ರಯಾಣಿಕ ಹಾರುವ ಸೆಕ್ಟರ್‌ಗಳ, ಅಂದರೆ ಒಂದೊಂದು ಹಾರಾಟದ, ಮೈಲಿಯನ್ನೆಲ್ಲ ಕೂಡಿದಾಗ ಮೊತ್ತ ಆ ಮಿತಿಯೊಳಗೇ ನಿಂತರೆ ದರದಲ್ಲಿ ಒಂದು ಪೈಸೆಯ ವ್ಯತ್ಯಾಸವಿಲ್ಲ. ದಾಟಿದರೆ ಶೇ. 5, 10, 15 ಎಂದು 25ರವರೆಗೆ ಸರ್‌ಚಾರ್ಜ್ ಏರುತ್ತಿತ್ತು. ಬೆಂಗಳೂರಿನಿಂದ ಲಂಡನ್ನಿಗೆ ನೇರ ದೂರ ಸುಮಾರು 5,000 ಮೈಲಿ. ಬಾಂಬೆ, ಕೈರೋ, ಅಥೆನ್ಸ್, ರೋಮ್ ಎಂದು ಇಳಿದು ಹತ್ತಿ ಹೋದರೆ 5,500ರ ಆಸುಪಾಸು. ಪೂರ್ತಿ ದರದ ಟಿಕೆಟ್ ಕೊಂಡವರು ಅದೇ ದುಡ್ಡಿಗೆ ಇಷ್ಟೂ ಊರು ನೋಡಿಕೊಂಡು ಲಂಡನ್ ಸೇರಬಹುದಿತ್ತು. ಇದನ್ನು ತಿಳಿದ ಗಿರಾಕಿಗಳು ಕಡಿಮೆ. ತಿಳಿದವರು ಭೂಪಟ ಹಿಡಿದೇ ಬರುತ್ತಿದ್ದರು. ಬಸವನಗುಡಿಯ ನಿವೃತ್ತ ಪ್ರೊಫೆಸರೊಬ್ಬರು ನನ್ನ ಕ್ಯಾಲ್ಕುಲೇಟರಿನ ಮೇಲೆ ಬಗ್ಗಿ ನೋಡಿ, “ಇನ್ನೂ ಮುನ್ನೂರು ಮೈಲಿ ಉಳಿದಿದೆಯಲ್ಲಮ್ಮಾ, ವಿಯೆನ್ನಾ ಸಿಕ್ಕಿಸೋಕಾಗಲ್ವಾ?” ಎಂದು ಕೇಳುತ್ತಿದ್ದರು. ಸಿಕ್ಕಿಸಿದರೆ ಅವರಿಗೆ ಆಗುತ್ತಿದ್ದ ಖುಷಿ ಊರು ನೋಡುವುದರದ್ದೋ, ಲೆಕ್ಕದಲ್ಲಿ ಗೆದ್ದದ್ದರದ್ದೋ ಹೇಳುವುದು ಕಷ್ಟ.

ಆದ್ದರಿಂದ ಸುತ್ತಿ ಹಾರಿ ಲಾಭ ಮಾಡುವ ಜಾಣತನ ಫ್ರೀಕ್ವೆಂಟ್ ಫ್ಲೈಯರ್ ಕಾರ್ಡಿನ ಜೊತೆ ಹುಟ್ಟಿತು ಎಂದರೆ ನಾನು ಒಪ್ಪುವುದಿಲ್ಲ. 1981ರಲ್ಲಿ ಅಮೆರಿಕನ್ನರು ಮಾಡಿದ್ದು ಆ ಮೈಲಿಯನ್ನು ಕೌಂಟರಿನ ಈಚೆಯಿಂದ ಆಚೆಗೆ ದಾಟಿಸಿದ ಕೆಲಸ.

ಅದರ ಹಿಂದೆ ಒಂದು ಕಾನೂನಿದೆ. ಅಮೆರಿಕದಲ್ಲಿ ಯಾವ ಕಂಪನಿ ಯಾವ ಊರಿಗೆ ಎಷ್ಟು ದರಕ್ಕೆ ಹಾರಬೇಕು ಎಂಬುದನ್ನು ಸಿವಿಲ್ ಏರೋನಾಟಿಕ್ಸ್ ಬೋರ್ಡ್ ಎಂಬ ಸರ್ಕಾರಿ ಮಂಡಳಿ ತೀರ್ಮಾನಿಸುತ್ತಿತ್ತು. ದರದಲ್ಲಿ ಪೈಪೋಟಿ ಮಾಡುವ ಹಾಗಿಲ್ಲದ್ದರಿಂದ ಕಂಪನಿಗಳು ಊಟದಲ್ಲಿ, ಉಪಚಾರದಲ್ಲಿ ಪೈಪೋಟಿಗೆ ಬಿದ್ದಿದ್ದವು. ಅಮೆರಿಕನ್ ಏರ್‌ಲೈನ್ಸ್ ತನ್ನ 747ರೊಳಗೆ ಪಿಯಾನೋ ಕೂಡ ಇಟ್ಟಿತ್ತು. 1978ರ ಅಕ್ಟೋಬರ್ 24ರಂದು ಅಧ್ಯಕ್ಷ ಕಾರ್ಟರ್ ಹೊಸ ಕಾನೂನಿಗೆ ಸಹಿ ಹಾಕಿದ ಮೇಲೆ ಆ ಕಟ್ಟು ಬಿಚ್ಚಿತು. ಪೀಪಲ್ ಎಕ್ಸ್‌ಪ್ರೆಸ್‌ನಂಥ ಹೊಸಬರು ಬಸ್ಸಿನ ದರಕ್ಕೆ ಸೀಟು ಮಾರಲು ನಿಂತರು. ವಾರವಾರವೂ ಹಾರುವ ವ್ಯಾಪಾರಸ್ಥರನ್ನು ಹಿಡಿದಿಟ್ಟುಕೊಳ್ಳಲು ರಾಬರ್ಟ್ ಕ್ರ್ಯಾಂಡಲ್ ಮುಂದಾಳತ್ವದ ಅಮೆರಿಕನ್ ಏರ್‌ಲೈನ್ಸ್ 1981ರ ಮೇ 1ರಂದು ಅಡ್ವಾಂಟೇಜ್ ಯೋಜನೆ ಹೊರಡಿಸಿತು. ಹಾರಿದಷ್ಟು ಮೈಲಿ ಖಾತೆಗೆ, ಸಾಕಷ್ಟು ಕೂಡಿದರೆ ಬಿಟ್ಟಿ ಟಿಕೆಟ್. ಕೆಲವೇ ದಿನಗಳಲ್ಲಿ ಯುನೈಟೆಡ್ ತನ್ನದನ್ನು ತಂದಿತು. ಟೆಕ್ಸಾಸ್‌ನ ಚಿಕ್ಕ ಕಂಪನಿಯೊಂದು 1979ರಲ್ಲೇ ಇಂಥದ್ದನ್ನು ಮಾಡಿತ್ತು ಎನ್ನುವವರಿದ್ದಾರೆ, ಇರಬಹುದು. ಜಗತ್ತು ಹಿಂಬಾಲಿಸಿದ್ದು ಅಡ್ವಾಂಟೇಜನ್ನು.

ಆ ಕಥೆಯಲ್ಲಿ ನನಗೆ ಬಹಳ ಇಷ್ಟವಾದ ಭಾಗ ಬೇರೆ. ಪದೇ ಪದೇ ಹಾರುವವರು ಯಾರು ಎಂಬುದು ಕಂಪನಿಗೇ ತಿಳಿದಿರಲಿಲ್ಲ. ಸೇಬರ್ ಎಂಬ ಅವರ ಬುಕಿಂಗ್ ಕಂಪ್ಯೂಟರಿನಲ್ಲಿ ಹೆಸರುಗಳೇನೋ ಇದ್ದವು, ಆದರೆ ಸ್ಮಿತ್ ಎಂಬವರು ಸಾವಿರ ಜನ. ಕೊನೆಗೆ ಹುಡುಕಿದ್ದು ಫೋನ್ ನಂಬರಿನಿಂದ. ಒಂದೇ ನಂಬರು ಹತ್ತಾರು ಬುಕಿಂಗಿನಲ್ಲಿ ಕಂಡರೆ ಅವರೇ ನಮ್ಮ ಗಿರಾಕಿ ಎಂದು ಹಿಡಿದರು. ಪಿಎನ್‌ಆರ್, ಅಂದರೆ ಬುಕಿಂಗಿನ ದಾಖಲೆ, ಮಾಡಿದ ಯಾರಿಗಾದರೂ ಇದು ಅರ್ಥವಾಗುತ್ತದೆ: ಹೆಸರು, ಪ್ರಯಾಣದ ವಿವರ, ಟಿಕೆಟ್ಟಿನ ಗಡುವು, ಬುಕ್ ಮಾಡಿಸಿದವರು ಯಾರು, ಫೋನ್ ನಂಬರು, ಈ ಐದೂ ತುಂಬದೆ ಕಂಪ್ಯೂಟರ್ ಮುಂದಕ್ಕೆ ಬಿಡುವುದಿಲ್ಲ. ಯಾವ್ಯಾವುದೋ ಕೌಂಟರಿನ ಹುಡುಗಿಯರು ಗೊಣಗಿಕೊಂಡು ಕುಟ್ಟಿದ ಆ ನಂಬರುಗಳ ಮೇಲೆ ಇಡೀ ಪದ್ಧತಿ ಎದ್ದು ನಿಂತಿತು.

ಬಿಟ್ಟಿ ಟಿಕೆಟ್ಟಿನ ಹಿಂದೆಯೇ ಮೆಟ್ಟಿಲುಗಳು ಬಂದವು. ಸಿಲ್ವರ್, ಗೋಲ್ಡ್, ಪ್ಲಾಟಿನಂ. ವರ್ಷಕ್ಕೆ ಇಷ್ಟು ಮೈಲಿ ಹಾರಿದರೆ ಬೇರೆ ಸಾಲು, ಲೌಂಜ್, ಒಂದು ಪೆಟ್ಟಿಗೆ ಹೆಚ್ಚು, ಅದೃಷ್ಟವಿದ್ದರೆ ಮುಂದಿನ ಸೀಟು. ಡಿಸೆಂಬರ್ 31ಕ್ಕೆ ಲೆಕ್ಕ ಮುಗಿದು ಜನವರಿಯಲ್ಲಿ ಮತ್ತೆ ಸೊನ್ನೆ. ಎರಡು ಸಾವಿರ ಮೈಲಿ ಕಮ್ಮಿ ಬಿದ್ದವರು ಡಿಸೆಂಬರಿನಲ್ಲಿ ಏನು ಮಾಡಬೇಕು? ಹಾರಬೇಕು. ನ್ಯೂಯಾರ್ಕಿನಿಂದ ಲಾಸ್ ಏಂಜಲೀಸ್‌ಗೆ ಹೋಗಿ, ಊರು ನೋಡದೆ, ಅದೇ ದಿನ ವಾಪಸು. ಇದಕ್ಕೆ ಮೈಲೇಜ್ ರನ್ ಎಂದು ಹೆಸರಾಯಿತು.

ಇದರ ಗುಟ್ಟು ಸರಳ. ಟಿಕೆಟ್ಟಿನ ಬೆಲೆ ದೂರವನ್ನು ನೋಡಿ ನಿಲ್ಲುವುದಿಲ್ಲ, ಬೇಡಿಕೆಯನ್ನು ನೋಡಿ ನಿಲ್ಲುತ್ತದೆ. ನೇರ ವಿಮಾನಕ್ಕೆ ಎಲ್ಲರೂ ಮುಗಿಬೀಳುವುದರಿಂದ ಅದು ದುಬಾರಿ. ಡಲ್ಲಾಸ್‌ನಲ್ಲಿ ಇಳಿಸಿ ಹತ್ತಿಸುವ ವಿಮಾನ ಅಗ್ಗ. ಮೈಲಿ ಮಾತ್ರ ಆಗ ದೂರಕ್ಕೆ. ಸುತ್ತಿ ಹೋದವನಿಗೆ ಕಡಿಮೆ ದುಡ್ಡು, ಹೆಚ್ಚು ಮೈಲಿ. ಜೊತೆಗೆ ಎಷ್ಟೇ ಗಿಡ್ಡ ಸೆಕ್ಟರ್ ಆದರೂ 500 ಮೈಲಿ ಕೊಡುವ ನಿಯಮ ಅಮೆರಿಕದ ಕಂಪನಿಗಳಲ್ಲಿ ಬಹುಕಾಲ ಇತ್ತು. ಇನ್ನೂರು ಮೈಲಿಯ ಹಾರಾಟಗಳನ್ನು ಪೋಣಿಸಿಕೊಂಡು ಹೋದವರೂ ಇದ್ದರು. ಲಂಡನ್ನಿನವರ ಆಟವೇ ಬೇರೆ. ಬ್ರಿಟಿಷ್ ಏರ್‌ವೇಸ್ ದೂರವನ್ನು ಪಟ್ಟಿಗಳಾಗಿ ಸೀಳಿ, ಮೆಟ್ಟಿಲೇರಲು ಟಿಯರ್ ಪಾಯಿಂಟ್ ಕೊಡುತ್ತಿತ್ತು: ಬಿಸಿನೆಸ್ ದರ್ಜೆಯಲ್ಲಿ ಪ್ಯಾರಿಸ್‌ಗೆ 40, ಬಲ್ಗೇರಿಯಾದ ಸೋಫಿಯಾಗೆ 80. ಗೋಲ್ಡ್ ಕಾರ್ಡಿಗೆ 1,500 ಬೇಕಿತ್ತು. ಸೋಫಿಯಾದಲ್ಲಿ ಯಾವ ಕೆಲಸವೂ ಇಲ್ಲದ ಇಂಗ್ಲಿಷರು ಸೋಫಿಯಾಗೆ ಹೋಗಿಬಂದರು.

ಹಾರದೆಯೇ ಮೆಟ್ಟಿಲೇರಿದವನೂ ಒಬ್ಬನಿದ್ದಾನೆ. 1999ರಲ್ಲಿ ಕ್ಯಾಲಿಫೋರ್ನಿಯಾದ ಒಬ್ಬ ಸಿವಿಲ್ ಇಂಜಿನಿಯರ್ ಹೆಲ್ದಿ ಚಾಯ್ಸ್ ಎಂಬ ಆಹಾರ ಬ್ರ್ಯಾಂಡಿನ ಕೊಡುಗೆಯನ್ನು ಓದಿದ: ಹತ್ತು ಬಾರ್‌ಕೋಡ್ ಕಳಿಸಿದರೆ 500 ಮೈಲಿ, ಬೇಗ ಕಳಿಸಿದರೆ 1,000. ಅದರ ಚಿಕ್ಕ ಪುಡಿಂಗ್ ಬಟ್ಟಲು ಕಾಲು ಡಾಲರಿಗೆ ಸಿಗುತ್ತಿತ್ತು. ಸುಮಾರು 3,140 ಡಾಲರ್ ಕೊಟ್ಟು 12,150 ಬಟ್ಟಲು ಕೊಂಡ. ಬಾರ್‌ಕೋಡ್ ಕಿತ್ತು ಮುಗಿಯುವಂಥದ್ದಲ್ಲವಲ್ಲ. ಪುಡಿಂಗನ್ನು ಸಾಲ್ವೇಶನ್ ಆರ್ಮಿಗೆ ದಾನ ಕೊಟ್ಟು ಅಲ್ಲಿಯವರಿಂದಲೇ ಕೀಳಿಸಿದ, ದಾನಕ್ಕೆ ತೆರಿಗೆ ವಿನಾಯಿತಿಯನ್ನೂ ಪಡೆದ. ಬಂದದ್ದು ಹನ್ನೆರಡೂವರೆ ಲಕ್ಷ ಮೈಲಿ, ಅದರ ಜೊತೆ ಅಮೆರಿಕನ್ ಏರ್‌ಲೈನ್ಸ್‌ನ ಆಜೀವ ಗೋಲ್ಡ್. ಇದನ್ನು ಮೋಸ ಎನ್ನುವವರಿದ್ದಾರೆ. ನಿಯಮ ಬರೆದವರು ಓದದ್ದನ್ನು ಅವನು ಓದಿದ, ಅಷ್ಟೆ.

ನನಗೆ ಇರಿಸುಮುರಿಸಾಗುತ್ತಿದ್ದುದು ಬೇರೊಂದು ವಿಷಯ. ಟಿಕೆಟ್ಟಿನ ದುಡ್ಡು ಕೆಲಸ ಕೊಟ್ಟ ಕಂಪನಿಯದು, ಮೈಲಿ ನೌಕರನದು. ಇಡೀ ಪದ್ಧತಿ ನಿಂತಿರುವುದೇ ಈ ಸಂದಿನಲ್ಲಿ. ಆಫೀಸಿನ ಕೆಲಸಕ್ಕೆ ಹಾರಿ ಗಳಿಸಿದ ಮೈಲಿಗೆ ತೆರಿಗೆ ಕೇಳಲು ಹೋಗುವುದಿಲ್ಲ ಎಂದು ಅಮೆರಿಕದ ತೆರಿಗೆ ಇಲಾಖೆ 2002ರಲ್ಲಿ ಪ್ರಕಟಿಸಿತು. ಅದೇ ವರ್ಷ ಜರ್ಮನಿಯಲ್ಲಿ, ಸರ್ಕಾರಿ ಪ್ರಯಾಣದ ಮೈಲಿಯನ್ನು ಸ್ವಂತಕ್ಕೆ ಬಳಸಿದ ಗಲಾಟೆಯಲ್ಲಿ ಬರ್ಲಿನ್ನಿನ ಸಚಿವ ಗ್ರೆಗೋರ್ ಗೀಸಿ ರಾಜೀನಾಮೆಯನ್ನೇ ಕೊಟ್ಟರು. ನಮ್ಮ ಕಡೆ ಅಂಥ ಗಲಾಟೆ ಏನೂ ಆಗಲಿಲ್ಲ. ಸಾಫ್ಟ್‌ವೇರ್ ಕಂಪನಿಗಳ ಟ್ರಾವೆಲ್ ಡೆಸ್ಕಿನಿಂದ ಅತಿ ಕಡಿಮೆ ದರ ನೋಡಿ ಎಂದು ಮೇಲ್ ಬರುತ್ತಿತ್ತು. ಅದರ ಬೆನ್ನಿಗೇ ಹೋಗುವ ಹುಡುಗ ಫೋನ್ ಮಾಡಿ, “ಮೇಡಂ, ಬೇರೆಯದರಲ್ಲಿ ಸೀಟಿಲ್ಲ ಅಂತ ಹೇಳಿ, ಲುಫ್ತಾನ್ಸಾದಲ್ಲೇ ಹಾಕಿ” ಅನ್ನುತ್ತಿದ್ದ.

ಬೆಂಗಳೂರಿಗೆ ಈ ಹುಚ್ಚು ಹತ್ತಿದ್ದು ಆಗಲೇ. ಎಚ್‌ಎಎಲ್ ನಿಲ್ದಾಣಕ್ಕೆ ಯೂರೋಪಿನ ವಿಮಾನಗಳು ನೇರವಾಗಿ ಇಳಿಯತೊಡಗಿದ್ದವು. 1997ರಲ್ಲಿ ಹುಟ್ಟಿದ ಸ್ಟಾರ್ ಅಲಯನ್ಸ್ ಎಂಬ ವಿಮಾನ ಕಂಪನಿಗಳ ಕೂಟದಿಂದಾಗಿ ಒಂದು ಕಂಪನಿಯಲ್ಲಿ ಹಾರಿ ಇನ್ನೊಂದರ ಖಾತೆಗೆ ಮೈಲಿ ಹಾಕಿಸಬಹುದಿತ್ತು. ಸ್ಟಾರ್ ಗೋಲ್ಡ್ ಆಗಲು ಯುನೈಟೆಡ್‌ನಲ್ಲಿ ವರ್ಷಕ್ಕೆ 50,000 ಮೈಲಿ ಬೇಕಿತ್ತು. 2010ರಲ್ಲಿ ಗ್ರೀಸಿನ ಏಜಿಯನ್ ಏರ್‌ಲೈನ್ಸ್ ಕೂಟ ಸೇರಿತು. ಅದರಲ್ಲಿ ಆಗ ಗೋಲ್ಡಿಗೆ 20,000 ಸಾಕಿತ್ತು. ಈಗ ಲೆಕ್ಕ ನೋಡಿ. ಬೆಂಗಳೂರಿನಿಂದ ಫ್ರಾಂಕ್‌ಫರ್ಟ್ ಸುಮಾರು 4,600, ಅಲ್ಲಿಂದ ಸ್ಯಾನ್ ಫ್ರಾನ್ಸಿಸ್ಕೋ 5,700. ಹೋಗಿಬಂದರೆ ಇಪ್ಪತ್ತು ಸಾವಿರ ದಾಟಿತು. ಪೂರ್ತಿ ಮೈಲಿ ಕೊಡುವ ಟಿಕೆಟ್ ಆಗಿದ್ದರೆ ಒಂದೇ ಪ್ರಯಾಣಕ್ಕೆ ಗೋಲ್ಡ್. ಅಥೆನ್ಸ್ ಎಲ್ಲಿದೆ ಎಂದು ಭೂಪಟದಲ್ಲಿ ತೋರಿಸಲಾಗದ ಜಯನಗರದ ಹುಡುಗರ ಜೇಬಿನಲ್ಲಿ ಗ್ರೀಕ್ ಕಾರ್ಡು.

ಪೂರ್ತಿ ಮೈಲಿ ಕೊಡುತ್ತದೋ ಇಲ್ಲವೋ ಎಂಬುದು ಟಿಕೆಟ್ಟಿನ ಒಂದು ಅಕ್ಷರದಲ್ಲಿ ಅಡಗಿರುತ್ತಿತ್ತು. ಒಂದೇ ಎಕಾನಮಿ, ಅಕ್ಕಪಕ್ಕದ ಸೀಟು, ಅದೇ ಊಟ. ಒಬ್ಬರ ಟಿಕೆಟ್ ವೈ, ಇನ್ನೊಬ್ಬರದು ಅಗ್ಗದ ಇನ್ನಾವುದೋ ಅಕ್ಷರ. ಒಬ್ಬರಿಗೆ ನೂರಕ್ಕೆ ನೂರು, ಇನ್ನೊಬ್ಬರಿಗೆ ಅರ್ಧ, ಕೆಲವು ಅಕ್ಷರಗಳಿಗೆ ಸೊನ್ನೆ. ದರ ಕೇಳುವ ಮೊದಲು ಅಕ್ಷರ ಕೇಳುವ ಗಿರಾಕಿಗಳು ಬಂದರು. ಬೋರ್ಡಿಂಗ್ ಪಾಸಿನ ತುಂಡುಗಳನ್ನು ರಬ್ಬರ್ ಬ್ಯಾಂಡ್ ಹಾಕಿ ಕಾಪಾಡಿಕೊಂಡು, ಹಾಲಿನ ವರ್ತನೆ ಲೆಕ್ಕ ತಾಳೆ ನೋಡುವಂತೆ ತಿಂಗಳ ಸ್ಟೇಟ್‌ಮೆಂಟಿನ ಜೊತೆ ಹೋಲಿಸುತ್ತಿದ್ದರು. ಬಿಟ್ಟುಹೋದ ಮೈಲಿಯನ್ನು ಆಮೇಲೆ ಕೇಳಿ ಪಡೆಯಲು ಆ ತುಂಡೇ ಸಾಕ್ಷಿ. ಇಷ್ಟೆಲ್ಲ ಯಾಕೆ ಎಂದು ಒಬ್ಬನನ್ನು ಕೇಳಿದ್ದೆ. ಗೋಲ್ಡಿಗೆ ಒಂದು ಪೆಟ್ಟಿಗೆ ಹೆಚ್ಚು ಕೊಡ್ತಾರೆ ಮೇಡಂ, ಅಮ್ಮ ಕಟ್ಟಿಕೊಡುವ ಚಟ್ನಿಪುಡಿ, ಹಪ್ಪಳ ಅದಕ್ಕೇ ಹೋಗುತ್ತೆ ಅಂದ. ಆ ಅಮ್ಮನೇ ಬಾಣಂತನಕ್ಕೆ ಒಬ್ಬರೇ ಹೊರಟಾಗ ಮಗನ ಕಾರ್ಡು ಅವರ ಪೆಟ್ಟಿಗೆಗೆ ನೆರವಾಗುತ್ತಿರಲಿಲ್ಲ, ಅದು ಬೇರೆ ಮಾತು.

ದೇಶದೊಳಗಿನ ಮೈಲಿಯ ಚರಿತ್ರೆ ಅಷ್ಟು ಸುಖದ್ದಲ್ಲ. 2005ರ ಮೇ ತಿಂಗಳಲ್ಲಿ ಹಾರಾಟ ಶುರುಮಾಡಿದ ನಮ್ಮೂರಿನ ಕಿಂಗ್‌ಫಿಷರ್ 2012ರ ಅಕ್ಟೋಬರಿನಲ್ಲಿ ನಿಂತುಹೋಯಿತು. ಅದರ ಮೈಲಿ ಯೋಜನೆಯಾದ ಕಿಂಗ್ ಕ್ಲಬ್ಬಿನ ಮೈಲಿ ಕಾಗದದ ಮೇಲೆ ಉಳಿಯಿತು. ಜೆಟ್ ಏರ್‌ವೇಸ್ 2019ರ ಏಪ್ರಿಲ್ 17ರಂದು ನಿಂತಿತು, ಆದರೆ ಅದರ ಮೈಲಿ ಬದುಕಿತು. ಮೈಲಿ ಯೋಜನೆಯಾದ ಜೆಟ್‌ಪ್ರಿವಿಲೇಜನ್ನು ಮೊದಲೇ ಬೇರೆ ಕಂಪನಿ ಮಾಡಿ, ಎತಿಹಾದ್ ವಿಮಾನ ಕಂಪನಿಗೆ ಶೇ. 50.1 ಪಾಲು ಮಾರಿದ್ದರು. ವಿಮಾನ ಹೋದ ಮೇಲೂ ಅದು ಇಂಟರ್‌ಮೈಲ್ಸ್ ಎಂದು ಹೆಸರು ಬದಲಿಸಿಕೊಂಡು ನಡೆಯಿತು. ಹಾರುವ ವ್ಯಾಪಾರಕ್ಕಿಂತ ಮೈಲಿಯ ವ್ಯಾಪಾರ ಗಟ್ಟಿ ಎಂದು ನನಗೆ ಖಾತ್ರಿಯಾದದ್ದು ಆಗ. ಕ್ರೆಡಿಟ್ ಕಾರ್ಡಿನ ಬ್ಯಾಂಕುಗಳು ಮೈಲಿಯನ್ನು ಸಗಟಾಗಿ ಕೊಳ್ಳುತ್ತವೆ. ಕಂಪನಿಗೆ ಅದು ಇಂಧನ ಸುಡದೆ ಬರುವ ದುಡ್ಡು.

ಆ ದುಡ್ಡಿನ ರುಚಿ ಹತ್ತಿದ ಮೇಲೆ ಕಂಪನಿಗಳಿಗೆ ಸುತ್ತುದಾರಿಯ ಜಾಣರು ಬೇಡವಾದರು. ಡೆಲ್ಟಾ, ಯುನೈಟೆಡ್ 2015ರಲ್ಲಿ, ಅಮೆರಿಕನ್ 2016ರಲ್ಲಿ ದೂರವನ್ನು ಬಿಟ್ಟು ಟಿಕೆಟ್ಟಿನ ಬೆಲೆಗೆ ಮೈಲಿ ಕೊಡತೊಡಗಿದವು. ಹೆಸರು ಮಾತ್ರ ಮೈಲಿ. ಏಜಿಯನ್ 2014ರಲ್ಲೇ ಬಾಗಿಲು ಕಿರಿದು ಮಾಡಿತ್ತು. ಏರ್ ಇಂಡಿಯಾ 2024ರಲ್ಲಿ ರೂಪಾಯಿ ಲೆಕ್ಕಕ್ಕೆ ಬಂತು. ಹದಿನೆಂಟು ವರ್ಷ ಇಂಥದ್ದೇನೂ ಬೇಡವೆಂದಿದ್ದ ಇಂಡಿಗೋ ಅದೇ ವರ್ಷ ಬ್ಲೂಚಿಪ್ ತಂದಿತು, ಅದೂ ರೂಪಾಯಿ ಲೆಕ್ಕದ್ದೇ. ಬ್ರಿಟಿಷ್ ಏರ್‌ವೇಸ್ 2025ರ ಏಪ್ರಿಲ್‌ನಿಂದ ಗೋಲ್ಡಿಗೆ 20,000 ಪೌಂಡ್ ಖರ್ಚು ತೋರಿಸಿ ಎಂದಿತು. ಸೋಫಿಯಾಗೆ ಹೋಗುವವರು ಈಗ ಸೋಫಿಯಾ ನೋಡಲೆಂದೇ ಹೋಗಬೇಕು. ಸುಮ್ಮನೆ ಹಾರಿ ಇಂಧನ ಸುಡುವುದು ತಪ್ಪಿತಲ್ಲ ಎಂದರೆ ಸರಿಯೇ. ಆದರೆ ಬುದ್ಧಿ ಖರ್ಚು ಮಾಡಿದವನಿಗೆ ಸಿಗುತ್ತಿದ್ದ ಕುರ್ಚಿ ಈಗ ದುಡ್ಡು ಖರ್ಚು ಮಾಡಿದವನಿಗೇ ಹೋಯಿತಲ್ಲ ಎಂದು ನನಗೆ ಸ್ವಲ್ಪ ಸಿಟ್ಟಿದೆ.

ದೂರವನ್ನು ಇನ್ನೂ ಲೆಕ್ಕಕ್ಕಿಟ್ಟವರು ಇಲ್ಲದಿಲ್ಲ. ಸಿಯಾಟಲ್‌ನ ಅಲಾಸ್ಕಾ ಏರ್‌ಲೈನ್ಸ್ 2025ರಲ್ಲಿ ಹೊಸ ಯೋಜನೆ ಪ್ರಕಟಿಸಿ, ದೂರ, ಬೆಲೆ, ಸೆಕ್ಟರ್ ಇವುಗಳಲ್ಲಿ ಯಾವ ಲೆಕ್ಕ ಬೇಕೋ ಸದಸ್ಯರೇ ಆರಿಸಿಕೊಳ್ಳಿ ಅಂದಿತು. ಅಲ್ಲೇ ಇರುವ ನಮ್ಮಕ್ಕನ ಮಗ ದೂರ ಆರಿಸಿಕೊಂಡಿದ್ದಾನೆ. ಮೊನ್ನೆ ಫೋನ್ ಮಾಡಿ, “ಚಿಕ್ಕಮ್ಮಾ, ಬೆಂಗಳೂರಿಗೆ ಟೋಕಿಯೋ ಮೇಲೆ ಬರಲಾ, ಲಂಡನ್ ಮೇಲೆ ಬರಲಾ?” ಅಂದ. ಟೋಕಿಯೋ ಮೇಲೆ ಒಂಬತ್ತು ಸಾವಿರಕ್ಕೆ ಸ್ವಲ್ಪ ಕಮ್ಮಿ, ಲಂಡನ್ ಮೇಲೆ ಹತ್ತು ಸಾವಿರದ ಹತ್ತಿರ, ಟಿಕೆಟ್ಟಿನ ಅಕ್ಷರ ನೋಡಿಕೊಂಡು ಲಂಡನ್ ಹಿಡಿ ಅಂದೆ. ಹೀಥ್ರೋದಲ್ಲಿ ಐದು ಗಂಟೆ ಕಾಯಬೇಕಲ್ಲ ಎಂದು ರಾಗ ಎಳೆದ. ಕಾಯಪ್ಪ, ಅಂದೆ.