ಬಂಗಾಳದ ಕೊಳವೆಬಾವಿಯೂ ಆರ್ಸೆನಿಕ್ ವಿಷವೂ

ಬಂಗಾಳದ ಅಂತರ್ಜಲದಲ್ಲಿ ಬೆರೆತಿರುವ ಆರ್ಸೆನಿಕ್ಕನ್ನು ನಿಸರ್ಗಸಹಜವಾದುದೆಂದು ಹೇಳಿ ಮುಗಿಸುವುದು ವಾಡಿಕೆಯಾಗಿದೆ. ಭೂವಿಜ್ಞಾನದ ದೃಷ್ಟಿಯಿಂದ ಈ ಮಾತು ಸರಿಯೇ. ಗಂಗಾ ಬ್ರಹ್ಮಪುತ್ರಾ ನದಿಗಳು ಹಿಮಾಲಯದಿಂದ ತಂದು ಹರಡಿದ ಮೆಕ್ಕಲುಮಣ್ಣಿನಲ್ಲಿ ಈ ವಿಷವು ಕಬ್ಬಿಣದ ಆಕ್ಸೈಡಿನ ಕಣಗಳಿಗೆ ಅಂಟಿಕೊಂಡಿರುತ್ತದೆ. ಸಸ್ಯಾಂಶವು ಕೊಳೆತು ಆಮ್ಲಜನಕ ತೀರಿಹೋದ ಪದರಗಳಲ್ಲಿ ಆ ಆಕ್ಸೈಡು ಕರಗಿ, ಆರ್ಸೆನಿಕ್ ನೀರಿಗೆ ಬಿಡುತ್ತದೆ. ಆದರೆ ಇತಿಹಾಸದ ವಿದ್ಯಾರ್ಥಿಗಳಾದ ನಮ್ಮ ಪ್ರಶ್ನೆ ಬೇರೆ. ಸಹಸ್ರಾರು ವರ್ಷ ನೆಲದಡಿಯಲ್ಲಿದ್ದ ವಿಷವು ಇಪ್ಪತ್ತನೆಯ ಶತಮಾನದ ಉತ್ತರಾರ್ಧದಲ್ಲಿ ಮನೆಮನೆಯ ಕೊಡಕ್ಕೆ ಬಂದುದು ಹೇಗೆ?

ಕೊಳವೆಬಾವಿಯ ಮೂಲಕ. ಪೂರ್ವಬಂಗಾಳದ ಹಳ್ಳಿಗರು ಕೆರೆ, ಹೊಂಡ, ತೆರೆದ ಬಾವಿಗಳ ನೀರನ್ನು ಕುಡಿಯುತ್ತಿದ್ದರು. ಕಾಲರಾ, ಅತಿಸಾರಗಳಿಗೆ ಅಸಂಖ್ಯ ಶಿಶುಗಳು ಬಲಿಯಾಗುತ್ತಿದ್ದುವು. 1970ರ ದಶಕದಿಂದ ಯೂನಿಸೆಫ್ ಸಂಸ್ಥೆಯ ನೆರವಿನಿಂದ ಬಾಂಗ್ಲಾದೇಶದ ಸರ್ಕಾರವು ವ್ಯಾಪಕವಾಗಿ ಕೊಳವೆಬಾವಿಗಳನ್ನು ಕೊರೆಯಿಸಿತು. ಬರಬರುತ್ತ ಜನರೇ ಸ್ವಂತ ಖರ್ಚಿನಿಂದ ಕೊರೆಯಿಸಿಕೊಂಡರು. ಉದ್ದೇಶವನ್ನು ನಾವು ಶಂಕಿಸುವುದಿಲ್ಲ. ಆದರೆ ರೋಗಾಣುಗಳಿಲ್ಲದಿರುವುದನ್ನೇ ಶುದ್ಧಿಯೆಂದು ಬಗೆಯಲಾಯಿತು. ವಾಡಿಕೆಯ ಪರೀಕ್ಷೆಯಲ್ಲಿ ಆರ್ಸೆನಿಕ್ಕಿಗೆ ಸ್ಥಾನವಿರಲಿಲ್ಲ. ವಿಪರ್ಯಾಸವೆಂದರೆ, ಗಾಳಿಯಾಡುವ ತೆರೆದ ಬಾವಿಯ ನೀರಿನಲ್ಲಿ ಈ ವಿಷವು ಬಹುಮಟ್ಟಿಗೆ ಕಡಮೆ. ಜನರು ಬಿಟ್ಟುಬಂದುದು ಆ ನೀರನ್ನು!

1983ರಲ್ಲಿ ಕಲ್ಕತ್ತೆಯ ಸ್ಕೂಲ್ ಆಫ್ ಟ್ರಾಪಿಕಲ್ ಮೆಡಿಸಿನ್‌ನ ಚರ್ಮರೋಗತಜ್ಞ ಕೆ. ಸಿ. ಸಹಾ ಅವರು, ಪಶ್ಚಿಮಬಂಗಾಳದ ಹಳ್ಳಿಗರ ಮೈಮೇಲಿನ ಮಚ್ಚೆಗಳಿಗೂ ಅಂಗೈ ಅಂಗಾಲುಗಳ ಒರಟು ಗಂಟುಗಳಿಗೂ ಕುಡಿಯುವ ನೀರಿನ ಆರ್ಸೆನಿಕ್ಕೇ ಕಾರಣವೆಂದು ಗುರುತಿಸಿದರು. ಗಡಿಯಾಚೆಯದೂ ಅದೇ ಮೆಕ್ಕಲು, ಅದೇ ಬಗೆಯ ಬಾವಿ. ಆದರೂ ಬಾಂಗ್ಲಾದೇಶದಲ್ಲಿ ವಿಷವು ಪತ್ತೆಯಾದುದು 1993ರಲ್ಲಿ. ಅದಕ್ಕೆ ಹಿಂದಿನ ವರ್ಷವಷ್ಟೆ ಬ್ರಿಟನ್ನಿನ ಭೂವಿಜ್ಞಾನ ಸರ್ವೇಕ್ಷಣ ಸಂಸ್ಥೆಯು ಅಲ್ಲಿಯ ಅಂತರ್ಜಲವನ್ನು ಪರೀಕ್ಷಿಸಿ ವರದಿ ಒಪ್ಪಿಸಿತ್ತು. ಪರೀಕ್ಷಿಸಿದ ವಸ್ತುಗಳ ಪಟ್ಟಿಯಲ್ಲಿ ಆರ್ಸೆನಿಕ್ ಇರಲಿಲ್ಲ. ಈ ಲೋಪವನ್ನು ಹಿಡಿದು ಹೂಡಿದ ದಾವೆಯನ್ನು 2006ರಲ್ಲಿ ಬ್ರಿಟನ್ನಿನ ಲಾರ್ಡ್ಸ್ ಸಭೆಯು ತಳ್ಳಿಹಾಕಿತು. ನ್ಯಾಯಶಾಸ್ತ್ರದ ಆ ವಾದವೇನೇ ಇರಲಿ, ನೆರೆಯಲ್ಲಿ ತಿಳಿದ ಸಂಗತಿಯು ಗಡಿ ದಾಟಲು ಹತ್ತು ವರ್ಷ ಹಿಡಿಯಿತೆಂಬುದು ನಮಗೆ ಈ ಚರಿತ್ರೆಯ ತಿರುಳಾಗಿ ತೋರುತ್ತದೆ. ಅಷ್ಟು ಕಾಲವೂ ಹೊಸ ಬಾವಿಗಳನ್ನು ಕೊರೆಯುತ್ತಲೇ ಇದ್ದರು.

1998–99ರಲ್ಲಿ 3,534 ಬಾವಿಗಳನ್ನು ಪರೀಕ್ಷಿಸಿದಾಗ, 150 ಮೀಟರಿಗಿಂತ ಕಡಮೆ ಆಳದವುಗಳ ಪೈಕಿ ನೂರಕ್ಕೆ 27ರಲ್ಲಿ, ಲೀಟರಿಗೆ 50 ಮೈಕ್ರೊಗ್ರಾಂ ಎಂಬ ಆ ದೇಶದ ಮಿತಿಯನ್ನು ಮೀರಿದ ಆರ್ಸೆನಿಕ್ ಕಂಡುಬಂದಿತು. ಬಳಿಕ ವಿಷವಿದ್ದ ಬಾವಿಗಳಿಗೆ ಕೆಂಪು, ಇಲ್ಲದುವಕ್ಕೆ ಹಸುರು ಬಣ್ಣ ಬಳಿಯಲಾಯಿತು. ಕಾಲಕ್ರಮದಲ್ಲಿ ಬಣ್ಣ ಮಾಸಿತು. ಆಮೇಲೆ ಕೊರೆದ ಎಷ್ಟೋ ಖಾಸಗಿ ಬಾವಿಗಳು ಪರೀಕ್ಷೆಯನ್ನೇ ಕಾಣಲಿಲ್ಲ.