ಬಂಡೆ ಹತ್ತಿದ ಡಾಕ್ಟರು

ಸೆಪ್ಟೆಂಬರ್ ಬಂತೆಂದರೆ ನಮ್ಮಲ್ಲಿ ಅನೇಕ ಕುಟುಂಬಗಳು ಸೇಬು ಕೊಯ್ಯಲು ನ್ಯೂ ಪಾಲ್ಟ್ಜ್ ಕಡೆಗೆ ಹೋಗುವುದುಂಟು. ಥ್ರೂವೇ ಬಿಟ್ಟು ಊರು ದಾಟಿದರೆ ಬಿಳಿ ಬಂಡೆಗಳ ಉದ್ದನೆಯ ಗೋಡೆ ಕಾಣುತ್ತದೆ. ಅದೇ ಶಾವಂಗಂಕ್ಸ್. ಅಲ್ಲಿ ಮೊದಮೊದಲು ಹತ್ತುವ ದಾರಿ ಮಾಡಿದವರಲ್ಲಿ ನನ್ನ ವೃತ್ತಿಬಾಂಧವರೊಬ್ಬರಿದ್ದರು: ಡಾ. ಹಾನ್ಸ್ ಕ್ರೌಸ್.

ಕ್ರೌಸ್ ಹುಟ್ಟಿದ್ದು 1905ರಲ್ಲಿ, ಟ್ರಿಯೆಸ್ಟ್ ಬಂದರಿನಲ್ಲಿ. ಬಾಲ್ಯದಲ್ಲಿ ಅವರಿಗೆ ಇಂಗ್ಲಿಷ್ ಪಾಠ ಹೇಳಿದವರು ಸಾಹಿತಿ ಜೇಮ್ಸ್ ಜಾಯ್ಸ್! ವಿಯೆನ್ನಾದಲ್ಲಿ ವೈದ್ಯರಾದರು, ಆಲ್ಪ್ಸ್ ಹತ್ತಿದರು. ಹಿಟ್ಲರ್ ಆಸ್ಟ್ರಿಯಾವನ್ನು ನುಂಗಿದ 1938ರಲ್ಲಿ ನಮ್ಮ ಹಾಗೆಯೇ ವಲಸಿಗರಾಗಿ ಅಮೆರಿಕಕ್ಕೆ ಬಂದರು. ನ್ಯೂಯಾರ್ಕಿನಲ್ಲಿ ಜರ್ಮನಿಯ ಫ್ರಿಟ್ಸ್ ವೀಸ್ನರ್ ಜೊತೆಯಾದರು. ಈ ಬಂಡೆಗಳನ್ನು 1935ರಲ್ಲೇ ಕಂಡುಕೊಂಡಿದ್ದವರು ವೀಸ್ನರ್. 1941ರಲ್ಲಿ ಇಬ್ಬರೂ 'ಹೈ ಎಕ್ಸ್‌ಪೋಷರ್' ಎಂಬ ದಾರಿಯನ್ನು ಮೊದಲ ಬಾರಿ ಹತ್ತಿದರು. ಮುಂದೆ ಹತ್ತಿದವರು ಕ್ರೌಸ್. ನಾರಿನ ಹಗ್ಗ, ಬಿರುಕಿಗೆ ಹೊಡೆದ ಕೆಲವೇ ಕಬ್ಬಿಣದ ಮೊಳೆ, ಕಾಲ ಕೆಳಗೆ ಬರೀ ಗಾಳಿ. ಇಂದಿಗೂ ಅದು ಗಂಕ್ಸ್‌ನ ಹೆಸರಾಂತ ದಾರಿ.

ಕ್ಲಿನಿಕ್ಕಿನಲ್ಲೂ ಅವರು ಇದೇ ಜಾಡಿನವರು. ಸೊಂಟನೋವೆಂದರೆ ಮಲಗಿಸುತ್ತಿದ್ದ ಕಾಲದಲ್ಲಿ, 'ಏಳಿ, ಸ್ನಾಯು ಬಲಪಡಿಸಿ' ಎಂದರು. ಡಾ. ಸೋನ್ಯಾ ವೆಬರ್ ಜೊತೆ ಆರು ಸರಳ ಪರೀಕ್ಷೆಗಳನ್ನು ರೂಪಿಸಿದರು. ಅದರಲ್ಲಿ ಒಂದಾದರೂ ಪರೀಕ್ಷೆಯಲ್ಲಿ ಸೋತ ಅಮೆರಿಕದ ಮಕ್ಕಳು ಶೇ. 57.9, ಯುರೋಪಿನವರು ಬರೀ ಶೇ. 8.7! ಅಧ್ಯಕ್ಷ ಐಸೆನ್‌ಹೋವರ್ ಗಾಬರಿಯಾಗಿ 1956ರಲ್ಲಿ ಯುವಜನರ ದೇಹದಾರ್ಢ್ಯಕ್ಕೆಂದೇ ಒಂದು ಮಂಡಳಿ ರಚಿಸಿದರು. 1961ರಲ್ಲಿ ಅಧ್ಯಕ್ಷ ಕೆನಡಿಯವರ ಬೆನ್ನುನೋವಿಗೂ ಕ್ರೌಸ್ ವ್ಯಾಯಾಮವನ್ನೇ ಔಷಧಿಯಾಗಿ ಕೊಟ್ಟರು.

ಇದನ್ನೆಲ್ಲ ಓದುವಾಗ ನನಗೆ ನೆನಪಾಗುವುದು ನಮ್ಮ ತಂದೆ. ನಾನು ಎಂಬಿಬಿಎಸ್ ಓದುತ್ತಿದ್ದಾಗ ಊರಿನಲ್ಲಿ ಅವರಿಗೆ ಸೊಂಟ ಹಿಡಿಯಿತು. ಆರು ವಾರ ಹಲಗೆಯ ಮೇಲೆ ಮಲಗಿಸಿದರು. ಅರ್ಧ ಡಾಕ್ಟರಾಗಿದ್ದ ನಾನೂ 'ಅಲುಗಾಡಬೇಡಿ ಅಣ್ಣ' ಎಂದು ಕಾವಲು ಕೂತಿದ್ದೆ. ಎದ್ದಾಗ ಅವರ ಕಾಲಲ್ಲಿ ಶಕ್ತಿಯೇ ಇರಲಿಲ್ಲ. ಮುಂದೆ ಕೋಲು ಕೈಬಿಡಲೇ ಇಲ್ಲ. ಸಾಮಾನ್ಯ ಸೊಂಟನೋವಿಗೆ ದೀರ್ಘ ವಿಶ್ರಾಂತಿ ಒಳ್ಳೆಯದಲ್ಲ ಎಂದು ಈಗ ಎಲ್ಲ ವೈದ್ಯರೂ ಹೇಳುತ್ತೇವೆ. ಕ್ರೌಸ್ ಅದನ್ನು ದಶಕಗಳ ಮೊದಲೇ ಹೇಳಿದ್ದರು. ಆ ಮಾತು ನಮ್ಮ ಮನೆಗೆ ತಲುಪಲು ತಡವಾಯಿತು.

ಎಪ್ಪತ್ತು ದಾಟಿದ ಮೇಲೂ ಬಂಡೆ ಹತ್ತುತ್ತಿದ್ದ ಕ್ರೌಸ್ 1996ರ ಮಾರ್ಚಿನಲ್ಲಿ, 90ರ ವಯಸ್ಸಿನಲ್ಲಿ ತೀರಿಕೊಂಡರು.

ಈ ಸಲ ಸೇಬಿನ ಬುಟ್ಟಿ ಕಾರಿನಲ್ಲಿಟ್ಟು, ಆ ಬಂಡೆಯ ಬುಡದವರೆಗಾದರೂ ನಡೆದು ಬನ್ನಿ. ಊರಿನಿಂದ ಬಂದಿರುವ ಅಪ್ಪ ಅಮ್ಮನನ್ನೂ ಕೈಹಿಡಿದು ನಡೆಸಿ.